ಕರಿಗೊರಳಿನ ರಾಟವಾಳ

ಕೊಚ್ಚಿ, ತಿರುವಾಂಕೂರು ಸಂಸ್ಥಾನಗಳ ಇತಿಹಾಸವನ್ನು ಬರೆದವರು ಮೆಣಸಿನ ವ್ಯಾಪಾರವನ್ನೂ ಡಚ್ಚರ ಕೋಟೆಗಳನ್ನೂ ದಿವಾನರ ಸುಧಾರಣೆಗಳನ್ನೂ ಸವಿಸ್ತಾರವಾಗಿ ವರ್ಣಿಸಿರುವರಾದರೂ, ಆ ಎರಡು ಸಂಸ್ಥಾನಗಳು ತಮ್ಮ ಹಕ್ಕಿಗಳ ಪರಿಶೋಧನೆಗೆ ಬೊಕ್ಕಸದ ಹಣವನ್ನು ವೆಚ್ಚಮಾಡಿದ ಸಂಗತಿಯನ್ನು ಹೇಳಿದವರು ವಿರಳ. ಆ ಪರಿಶೋಧನೆಯ ಪುಟಗಳಲ್ಲಿ ಸ್ಥಾನ ಪಡೆದ ಅಲ್ಪಜೀವಿಗಳಲ್ಲಿ ಕರಿಗೊರಳಿನ ರಾಟವಾಳವೂ ಒಂದು.

ಸುಮಾರು 12 ಸೆಂಟಿಮೀಟರ್ ಉದ್ದದ, ಮೋರೆಯೂ ಗಂಟಲೂ ಕಪ್ಪಾದ, ದಪ್ಪ ಬೂದುಗೊಕ್ಕಿನಿಂದ ಹುಲ್ಲಿನ ಕಾಳನ್ನು ಸುಲಿದು ತಿನ್ನುವ ಈ ಪಕ್ಷಿಯು ಸಿಂಹಳದ್ವೀಪದ ಮಲೆಗಳಲ್ಲಿಯೂ, ಕೊಡಗಿನಿಂದ ತೆಂಕಣಕ್ಕೆ ಚಾಚಿದ ಸಹ್ಯಾದ್ರಿಯಲ್ಲಿಯೂ, ಪೂರ್ವಘಟ್ಟದ ಕೆಲವೆಡೆಗಳಲ್ಲಿಯೂ ಅಲ್ಲದೆ ಜಗತ್ತಿನಲ್ಲಿ ಬೇರೆಲ್ಲಿಯೂ ಇಲ್ಲ. ದ್ವೀಪದ ಹಕ್ಕಿಯ ಹೊಟ್ಟೆಯ ಮೇಲೆ ಬಿಳಿ ಕಪ್ಪಿನ ಚಿತ್ತಾರವುಂಟು. ಸಹ್ಯಾದ್ರಿಯದರ ಹೊಟ್ಟೆ ಬರಿಯ ನಸುಗೆಂಪು ಕಂದು. ವೈದ್ಯನಾಗಿದ್ದ ಜೆರ್ಡನ್ 1863ರಲ್ಲಿ ಈ ಪಕ್ಷಿಗೆ ಶಾಸ್ತ್ರೀಯ ನಾಮವಾಗಿ ಸಿಂಹಳದ ಇನ್ನೊಬ್ಬ ವೈದ್ಯ ಕೆಲಾರ್ಟನ ಹೆಸರನ್ನಿತ್ತನು; ತರುವಾಯ, ಮುಂದೆ ಕಾಂಗ್ರೆಸ್ಸಿನ ಸ್ಥಾಪಕರಲ್ಲಿ ಒಬ್ಬನಾದ ಹ್ಯೂಮನು ನಮ್ಮ ಕಡೆಯ ಉಪಪ್ರಭೇದಕ್ಕೆ ಜೆರ್ಡನನ ಹೆಸರನ್ನೇ ಇಟ್ಟು ಆ ಸೌಜನ್ಯವನ್ನು ಮುಂದುವರಿಸಿದನು.

ತಿರುವನಂತಪುರದ ವಸ್ತುಸಂಗ್ರಹಾಲಯದ ಫರ್ಗುಸನ್ನನೂ ಅರಣ್ಯಾಧಿಕಾರಿ ಬೂರ್ಡಿಲನ್ನನೂ ಕಳೆದ ಶತಮಾನದ ಆದಿಯಲ್ಲಿಯೇ ತಿರುವಾಂಕೂರಿನ ಪಕ್ಷಿಗಳನ್ನು ಕುರಿತು ಬರೆದಿದ್ದರು. ಆದರೆ ಎರಡೂ ಸಂಸ್ಥಾನಗಳನ್ನು ಒಟ್ಟಾಗಿ ಕ್ರಮಬದ್ಧವಾಗಿ ಶೋಧಿಸಿದ ಕೀರ್ತಿ, 1933ರಲ್ಲಿ ಪತ್ನಿ ತೆಹಮೀನಾರೊಡನೆ ಬೆಟ್ಟಕಾಡುಗಳನ್ನು ಸುತ್ತಿದ ಪಕ್ಷಿತಜ್ಞ ಸಲೀಂ ಅಲಿಯವರದು. ಆ ಶೋಧನೆಯ ವರದಿಯು 1935ರಿಂದ ಮುಂಬಯಿಯ ಪ್ರಕೃತಿವಿಜ್ಞಾನ ಸಂಘದ ಪತ್ರಿಕೆಯಲ್ಲಿ ಕಂತುಕಂತಾಗಿ ಹೊರಬಂದು, 1953ರಲ್ಲಿ ಗ್ರಂಥರೂಪವನ್ನು ತಾಳುವ ವೇಳೆಗೆ ಆ ಸಂಸ್ಥಾನಗಳೇ ಅಳಿದಿದ್ದವು. ನಮ್ಮ ಮೈಸೂರು ಸಂಸ್ಥಾನವೂ ಇದೇ ಕೆಲಸವನ್ನು ಅವರಿಂದಲೇ ಮಾಡಿಸಿತೆಂಬುದನ್ನು ಕನ್ನಡಿಗರು ಹೆಮ್ಮೆಯಿಂದ ನೆನೆಯಬಹುದು. ಅರಸರ ವೆಚ್ಚಗಳಲ್ಲಿ ಇಷ್ಟು ಸಾರ್ಥಕವಾದುವು ಹೆಚ್ಚಿಲ್ಲ.

ಸಲೀಂ ಅಲಿಯವರು ಮೆಚ್ಚಿದ, ಕೊಚ್ಚಿಯ ಮೂಡಣದ ತಟ್ಟೇಕ್ಕಾಡು 1983ರಲ್ಲಿ ಪಕ್ಷಿಧಾಮವಾಯಿತು. ಒಂದು ಕಾಲಕ್ಕೆ ರಾಟವಾಳಗಳಿಗೆ ಬಣ್ಣ ಬಳಿದು ಪಂಜರದಲ್ಲಿ ಮಾರುತ್ತಿದ್ದ ಸಂತೆಯ ವ್ಯಾಪಾರವನ್ನು 1972ರ ವನ್ಯಜೀವಿ ಕಾಯಿದೆಯೂ ಅದರ 1991ರ ತಿದ್ದುಪಡಿಯೂ ಅಪರಾಧವೆಂದು ಸಾರಿದವು. ಪಕ್ಷಿಧಾಮವೂ ಕಾಯಿದೆಯೂ ಒಳ್ಳೆಯವೇ; ಆದರೆ ಕರಿಗೊರಳಿನ ರಾಟವಾಳವು ದಟ್ಟಡವಿಯನ್ನು ಬಯಸುವುದಲ್ಲ. ಎತ್ತರದ ಮಲೆಯ ಹುಲ್ಲು, ಕುರುಚಲು, ಕಾಡಿನಂಚು, ಕಾಫಿ ಚಹದ ತೋಟಗಳ ಬದು, ಇವೇ ಅದರ ಸೀಮೆ. ಹುಲ್ಲಿನಿಂದಲೇ ಅದು ದುಂಡನೆಯ ಗೂಡನ್ನೂ ಹೆಣೆಯುತ್ತದೆ. ಇದು ಇಂದು ಅಳಿವಿನಂಚಿನ ಪಕ್ಷಿಯಲ್ಲವೆಂಬುದು ನಿಜವಾದರೂ, ಇದರ ರಕ್ಷಣೆಯು ಅಭಯಾರಣ್ಯದ ಬೇಲಿಗಿಂತ ತೋಟಗಾರನ ಕತ್ತಿಯನ್ನೇ ಹೆಚ್ಚಾಗಿ ಅವಲಂಬಿಸಿದೆಯೆಂದು ನನ್ನ ಎಣಿಕೆ. ಕೊಡಗಿನವರಾಗಲಿ ಮೂನಾರಿನವರಾಗಲಿ, ತೋಟವುಳ್ಳವರು ಬದುವಿನ ಹುಲ್ಲನ್ನು ಕಾಳು ಬಲಿತು ಉದುರುವವರೆಗೂ ಸವರದೆ ಬಿಡಬೇಕೆಂದು ಕೋರುತ್ತೇನೆ.