ಹಿಮ ಬಿದ್ದ ಮೇಲೆ ಕತೆ

ಕೆನಡಾದ ಕ್ರೀ ಜನರಲ್ಲಿ ಕತೆಗೂ ಋತುವುಂಟು. ವೀಸಕೆಜಾಕ್ ಎಂಬ ಕಿಲಾಡಿಯ ಪುರಾಣಗಳನ್ನು ಹಿಮ ಬಿದ್ದ ಮೇಲೆಯೇ ಹೇಳುವುದು ವಾಡಿಕೆ. ಆದರೆ ಅಮೆರಿಕದ ಭಾಷಾವಿಜ್ಞಾನಿ ಲಿಯೊನಾರ್ಡ್ ಬ್ಲೂಮ್‌ಫೀಲ್ಡ್ ಸಸ್ಕಾಚೆವನ್ ಪ್ರಾಂತದ ಸ್ವೀಟ್ ಗ್ರಾಸ್‌ಗೆ ಬಂದದ್ದು 1925ರ ಬೇಸಿಗೆಯಲ್ಲಿ! ಕಣ್ಣು ಕಾಣದ ಅಜ್ಜನೊಬ್ಬ ಹೇಳುತ್ತ ಹೋದ, ಇವರು ಬರೆದುಕೊಂಡರು. 1930 ಮತ್ತು 1934ರಲ್ಲಿ ಆ ಕತೆಗಳು ಕ್ರೀ ಮೂಲದೊಡನೆಯೇ ಅಚ್ಚಾದವು.

ಅದೇ ಕಾಲಕ್ಕೆ ಸರ್ಕಾರ ಮತ್ತು ಚರ್ಚುಗಳ ವಸತಿಶಾಲೆಗಳಲ್ಲಿ ಕ್ರೀ ಮಾತಾಡಿದ ಮಕ್ಕಳಿಗೆ ಶಿಕ್ಷೆಯಾಗುತ್ತಿತ್ತು. ಅಜ್ಜಿಯ ಕತೆ ಮೊಮ್ಮಗುವಿಗೆ ದಾಟದಿರಲು ಇನ್ನೇನು ಬೇಕು?

ಅಂಥ ಶಾಲೆಯೊಂದರಲ್ಲೇ ಬೆಳೆದ ಲೂಯಿಸ್ ಹಾಫ್ 1994ರಲ್ಲಿ ಮೊದಲ ಕವನ ಸಂಕಲನ ತಂದರು. ಅವರ ಇಂಗ್ಲಿಷ್ ಕವಿತೆಗಳ ನಡುವೆ ಕ್ರೀ ಮಾತುಗಳು ಸಲೀಸಾಗಿ ಬಂದು ಕೂರುತ್ತವೆ, ಅಜ್ಜಿಯರೂ ಬರುತ್ತಾರೆ. 2021ರಲ್ಲಿ ಅವರು ಕೆನಡಾ ಸಂಸತ್ತಿನ ಆಸ್ಥಾನಕವಿಯಾದರು.