ವಿಯೆಟ್ನಾಂ ಯುದ್ಧವಿರೋಧಿ ಚಳವಳಿಯೂ ಅಮೆರಿಕದ ಚುನಾವಣೆಗಳೂ

1965ರ ಮಾರ್ಚ್ ತಿಂಗಳಲ್ಲಿ ಮಿಷಿಗನ್ ವಿಶ್ವವಿದ್ಯಾನಿಲಯದ ಅಧ್ಯಾಪಕರೂ ವಿದ್ಯಾರ್ಥಿಗಳೂ ರಾತ್ರಿಯಿಡೀ ನಡೆಸಿದ ಚರ್ಚಾಗೋಷ್ಠಿಯಿಂದ ಚೈತನ್ಯ ಪಡೆದು, ತರುವಾಯ ಬೀದಿಯ ಮೆರವಣಿಗೆಗಳಲ್ಲಿ ಬೆಳೆದ ಈ ಚಳವಳಿಯು ಮತಪೆಟ್ಟಿಗೆಯ ಹಾದಿಯನ್ನು ಹಿಡಿದದ್ದು 1967ರಲ್ಲಿ. ಅಧಿಕಾರಾರೂಢನಾದ ಅಧ್ಯಕ್ಷ ಲಿಂಡನ್ ಜಾನ್ಸನ್ನನನ್ನು ಅವನ ಡೆಮೊಕ್ರಾಟಿಕ್ ಪಕ್ಷದೊಳಗೇ ಎದುರಿಸಬೇಕೆಂದು ಸಂಕಲ್ಪಿಸಿ, ತಕ್ಕ ಅಭ್ಯರ್ಥಿಯನ್ನು ಅರಸುತ್ತಿದ್ದ ಯುದ್ಧವಿರೋಧಿ ಸಂಘಟಕ ಆಲಾರ್ಡ್ ಲೋವೆನ್‌ಸ್ಟೈನ್ ಮತ್ತು ಅವನ ಸಂಗಡಿಗರಿಗೆ, ಸೆನೆಟರ್ ರಾಬರ್ಟ್ ಕೆನೆಡಿ ಹಿಂಜರಿದ ಮೇಲೆ, ಮಿನ್ನೆಸೋಟದ ಸೆನೆಟರ್ ಯೂಜೀನ್ ಮೆಕಾರ್ಥಿ ದೊರೆತನು.

ನ್ಯೂ ಹ್ಯಾಂಪ್‌ಷೈರ್ ಎಂಬ ಪುಟ್ಟ ರಾಜ್ಯದ ಪ್ರಾಥಮಿಕ ಚುನಾವಣೆ, ಎಂದರೆ ಪಕ್ಷದ ಅಭ್ಯರ್ಥಿ ಯಾರಾಗಬೇಕೆಂಬುದನ್ನು ಮತದಾರರೇ ಸೂಚಿಸುವ ಚುನಾವಣೆ, ಈ ಇತಿಹಾಸದ ಹೃದಯಭಾಗ. ಹಳ್ಳಿಯ ಹಿರಿಯರು ತಮ್ಮ ವೇಷವನ್ನು ಕಂಡು ಬಾಗಿಲು ಮುಚ್ಚಿಯಾರೆಂದು ಗಡ್ಡ ಬೋಳಿಸಿ, ಕೂದಲು ಕತ್ತರಿಸಿಕೊಂಡು ಬಂದ ವಿದ್ಯಾರ್ಥಿಗಳು ಚಳಿಗಾಲದ ಹಿಮದಲ್ಲಿ ಮನೆಮನೆಗೆ ನಡೆದು, ವಾದಿಸುವುದಕ್ಕಿಂತ ಹೆಚ್ಚಾಗಿ ಆಲಿಸಿದರು. ಜನವರಿಯ ಕೊನೆಯಲ್ಲಿ ವಿಯೆಟ್ನಾಮಿನಲ್ಲಿ ಶತ್ರುಪಡೆಗಳು ನಡೆಸಿದ ಟೆಟ್ ಆಕ್ರಮಣವು, ಜಯ ಸಮೀಪಿಸಿತೆಂಬ ಸರ್ಕಾರದ ಮಾತಿನ ಮೇಲಣ ವಿಶ್ವಾಸವನ್ನು ಅಲುಗಿಸಿತ್ತು. 1968ರ ಮಾರ್ಚ್ 12ರಂದು ಮೆಕಾರ್ಥಿಗೆ ಶೇಕಡಾ 42ರಷ್ಟು ಮತಗಳು ಬಂದವು. ಮತಪತ್ರದಲ್ಲಿ ಹೆಸರಿಲ್ಲದೆ, ಮತದಾರರು ಕೈಯಿಂದ ಬರೆದ ಹೆಸರಿನಿಂದಲೇ ಗೆದ್ದ ಜಾನ್ಸನ್ನನಿಗೆ ಶೇಕಡಾ 49ರ ಸುಮಾರು ಬಂದರೂ ಅದನ್ನು ದೇಶವು ಸೋಲೆಂದೇ ಎಣಿಸಿತು. ಮೆಕಾರ್ಥಿಗೆ ಮತವಿತ್ತವರೆಲ್ಲರೂ ಶಾಂತಿವಾದಿಗಳಲ್ಲ. ಯುದ್ಧವನ್ನು ಇನ್ನಷ್ಟು ಉಗ್ರವಾಗಿ ನಡೆಸಬೇಕೆಂದು ಬಯಸಿ ಅಸಮಾಧಾನಗೊಂಡವರೂ ಅವರಲ್ಲಿದ್ದರು. ಚಳವಳಿಯ ಮೇಲಣ ಗೌರವದಿಂದ ಈ ಸಂಗತಿಯನ್ನು ಮರೆಮಾಚುವುದು ಸಲ್ಲದು. ನಾಲ್ಕು ದಿನಗಳ ಬಳಿಕ ಕೆನೆಡಿಯೂ ಕಣಕ್ಕಿಳಿದನು; 31ರ ರಾತ್ರಿ ಜಾನ್ಸನ್ ತಾನು ಮತ್ತೆ ಸ್ಪರ್ಧಿಸುವುದಿಲ್ಲವೆಂದು ದೂರದರ್ಶನದಲ್ಲಿ ಸಾರಿದನು.

ಚಳವಳಿಯ ಆ ಗೆಲುವು ಕೈಗೂಡಿ ಉಳಿಯಲಿಲ್ಲ. ಜೂನ್ ತಿಂಗಳಲ್ಲಿ ಕೆನೆಡಿ ಹತನಾದನು. ಆಗಸ್ಟ್‌ನ ಡೆಮೊಕ್ರಾಟಿಕ್ ಪಕ್ಷದ ಷಿಕಾಗೋ ಸಮ್ಮೇಳನವು, ಹೊರಗೆ ಪೋಲೀಸರು ಪ್ರತಿಭಟನಕಾರರನ್ನು ಥಳಿಸುತ್ತಿರಲು, ಒಂದು ಪ್ರಾಥಮಿಕ ಚುನಾವಣೆಯಲ್ಲೂ ಸ್ಪರ್ಧಿಸದ ಉಪಾಧ್ಯಕ್ಷ ಹ್ಯೂಬರ್ಟ್ ಹಂಫ್ರಿಯನ್ನು ಅಭ್ಯರ್ಥಿಯನ್ನಾಗಿ ಆರಿಸಿತು. ನವೆಂಬರಿನಲ್ಲಿ ರಿಪಬ್ಲಿಕನ್ ಪಕ್ಷದ ರಿಚರ್ಡ್ ನಿಕ್ಸನ್ ಅತ್ಯಲ್ಪ ಅಂತರದಿಂದ ಗೆದ್ದನು.

ಚಳವಳಿಯ ಚಿರಸ್ಥಾಯಿಯಾದ ಪರಿಣಾಮವನ್ನು ಗೆದ್ದವರ ಪಟ್ಟಿಯಲ್ಲಲ್ಲ, ಚುನಾವಣೆಯ ನಿಯಮಗಳಲ್ಲಿಯೇ ಹುಡುಕಬೇಕು. ಷಿಕಾಗೋದಲ್ಲಿ ಎದ್ದ ಆಕ್ರೋಶದ ಫಲವಾಗಿ ಜಾರ್ಜ್ ಮೆಕ್‌ಗವರ್ನನ ಅಧ್ಯಕ್ಷತೆಯಲ್ಲಿ ನೇಮಕವಾದ ಆಯೋಗವು, ಸಮ್ಮೇಳನದ ಪ್ರತಿನಿಧಿಗಳ ಆಯ್ಕೆಯನ್ನು ಪಕ್ಷದ ಧುರೀಣರ ಕೈಯಿಂದ ಬಹುಮಟ್ಟಿಗೆ ಸಾಮಾನ್ಯ ಸದಸ್ಯರಿಗೆ ವರ್ಗಾಯಿಸಿತು. ಆ ನಿಯಮಗಳ ಮೇರೆಗೆ 1972ರಲ್ಲಿ ಅಭ್ಯರ್ಥಿಯಾದ ಮೆಕ್‌ಗವರ್ನನೇ 49 ರಾಜ್ಯಗಳಲ್ಲಿ ಸೋತನು. ಆದರೆ ಆ ಚುನಾವಣೆಗೆ ಮುನ್ನ, 1971ರಲ್ಲಿ, ಸಂವಿಧಾನದ 26ನೆಯ ತಿದ್ದುಪಡಿ ಮತದಾನದ ವಯಸ್ಸನ್ನು 21ರಿಂದ 18ಕ್ಕೆ ಇಳಿಸಿತ್ತು. ಹದಿನೆಂಟು ತುಂಬಿದೊಡನೆ ಸೈನ್ಯದ ಕರೆಗಾಗಿ ಹೆಸರು ನೋಂದಾಯಿಸಲೇಬೇಕಾಗಿದ್ದ ತರುಣರು ಅಧ್ಯಕ್ಷನ ಆಯ್ಕೆಯಲ್ಲಿ ದೇಶದಾದ್ಯಂತ ಮೊದಲ ಬಾರಿಗೆ ಮತ ನೀಡಿದ್ದು 1972ರಲ್ಲೇ.