ವಡಪಳನಿಯ ಮಾಯಾಬಜಾರ್: ಒಂದು ಮಾಲ್ ಕೆಳಗಿರೋ ದ್ವಾರಕೆಯ ಕಥೆ

ಚೆನ್ನೈನಲ್ಲಿ ಕೆಲಸ ಮಾಡೋ ನಮ್ಮವರಿಗೆ ವಡಪಳನಿ ಅಂದ್ರೆ ಏನು ನೆನಪಾಗುತ್ತೆ? ಆರ್ಕಾಟ್ ರಸ್ತೆಯ ಟ್ರಾಫಿಕ್, ಮುರುಗನ್ ದೇವಸ್ಥಾನ, 2015ರಲ್ಲಿ ಶುರುವಾದ ಮೆಟ್ರೊ ಸ್ಟೇಷನ್, ಶನಿವಾರ ಸಂಜೆಗೆ ವಿಜಯ ಮಾಲ್. ಇವತ್ತಿನ ಮಾತು ಆ ಮಾಲ್ ಹೆಸರಿನಲ್ಲಿರೋ ‘ವಿಜಯ’ದ ಬಗ್ಗೆ. ಅಲ್ಲಿ ಒಂದು ಕಾಲಕ್ಕೆ ವಿಜಯ-ವಾಹಿನಿ ಸ್ಟುಡಿಯೊ ಇತ್ತು. ಏಷ್ಯಾದ ಅತಿ ದೊಡ್ಡ ಸ್ಟುಡಿಯೊಗಳಲ್ಲಿ ಒಂದು ಅಂತ ಹೆಸರಾಗಿದ್ದ ಜಾಗ ಅದು. ಅಲ್ಲೇ ಎದ್ದಿದ್ದು ಮಾಯಾಬಜಾರ್.

ಕಥೆ ನಿಮಗೆ ಗೊತ್ತಿರಬಹುದು. ಬಲರಾಮನ ಮಗಳನ್ನ ದುರ್ಯೋಧನನ ಮಗ ಲಕ್ಷ್ಮಣಕುಮಾರನಿಗೆ ಕೊಡೋದು ಅಂತ ನಿಶ್ಚಯ ಆಗುತ್ತೆ. ಹುಡುಗಿಗೆ ಬೇಕಾದವನು ಅಭಿಮನ್ಯು. ಆಗ ಘಟೋತ್ಕಚ ತನ್ನ ರಾಕ್ಷಸರ ಕೈಲಿ ಒಂದು ಊರನ್ನೇ ಮಾಯೆಯಿಂದ ಕಟ್ಟಿಸಿ, ಗಂಡಿನ ಕಡೆಯವರಿಗೆ ಅಲ್ಲೇ ಬಿಡಾರ ಕೊಡ್ತಾನೆ. ಕಣ್ಣಿಗೆ ಕಾಣೋದು ಅರಮನೆ, ಅಂಗಡಿ ಬೀದಿ. ಆದರೆ ಅಲ್ಲಿ ಯಾವುದನ್ನೂ ನಂಬೋ ಹಾಗಿಲ್ಲ. ಮದುಮಗಳ ರೂಪದಲ್ಲಿ ಕೂತಿರೋದು ಘಟೋತ್ಕಚನೇ!

ಒಂದು ವಿಷಯ ಗಮನಿಸಿ. ಈ ಕಥೆ ವ್ಯಾಸಭಾರತದಲ್ಲಿ ಇಲ್ಲ. ಭಾರತದಲ್ಲಿರೋದು ಮಯ ಕಟ್ಟಿದ ಸಭೆ. ನೆಲವನ್ನ ನೀರು ಅಂದ್ಕೊಂಡು ಬಟ್ಟೆ ಎತ್ತಿಕೊಂಡ ದುರ್ಯೋಧನ, ಆಮೇಲೆ ನೀರನ್ನ ನೆಲ ಅಂದ್ಕೊಂಡು ಬೀಳ್ತಾನಲ್ಲ, ಆ ಸಭೆ. ಅಭಿಮನ್ಯುವಿನ ಈ ಮದುವೆ ಕಥೆಯನ್ನ ಬೆಳೆಸಿದ್ದು ನಮ್ಮ ಜನ. ತೆಲುಗಿನಲ್ಲಿ ಅವಳು ಶಶಿರೇಖೆ, ಮರಾಠಿಯಲ್ಲಿ ವತ್ಸಲೆ. ಕರಾವಳಿಯವರು ಯಕ್ಷಗಾನದಲ್ಲಿ ‘ಕನಕಾಂಗಿ ಕಲ್ಯಾಣ’ ನೋಡಿದ್ರೆ, ಇದೇ ಕಥೆ ನೋಡಿದ್ದೀರಿ.

ಅದನ್ನ ತೆರೆಗೆ ತಂದವರು ವಿಜಯ ಪ್ರೊಡಕ್ಷನ್ಸ್‌ನ ನಾಗಿ ರೆಡ್ಡಿ ಮತ್ತು ಚಕ್ರಪಾಣಿ, ನಿರ್ದೇಶಕ ಕೆ.ವಿ. ರೆಡ್ಡಿ. 1957ರ ಮಾರ್ಚ್‌ನಲ್ಲಿ ತೆಲುಗು, ಏಪ್ರಿಲ್‌ನಲ್ಲಿ ತಮಿಳು ಬಂತು. ಆಮೇಲೆ ಕನ್ನಡಕ್ಕೂ ಡಬ್ ಆಯ್ತು. ಗ್ರಾಫಿಕ್ಸ್ ಅನ್ನೋ ಪದವೇ ಇಲ್ಲದ ಕಾಲ. ದ್ವಾರಕೆ ಬೇಕು ಅಂದಾಗ ಕಲಾವಿಭಾಗದವರು 50 ಅಡಿಗೆ 60 ಅಡಿ ಜಾಗದಲ್ಲಿ ಸುಮಾರು 300 ಪುಟ್ಟ ಮನೆಗಳನ್ನ ಮಾಡಿ, ಒಳಗೆ ದೀಪ ಹಾಕಿದ್ರು. ಅಷ್ಟೇ ಜಾಗದಲ್ಲಿ ಒಂದು ಪಟ್ಟಣ! ದೋಣಿ ಹಾಡಿನ ಬೆಳದಿಂಗಳಿಗೆ ಇವತ್ತಿಗೂ ಜನ ಮರುಳಾಗ್ತಾರೆ. ಅದರಲ್ಲಿ ಬಹುಪಾಲು ಬೆಳದಿಂಗಳು ಸ್ಟುಡಿಯೊ ಒಳಗಿನದು. ಛಾಯಾಗ್ರಾಹಕ ಮಾರ್ಕಸ್ ಬಾರ್ಟ್ಲಿ ದೀಪಗಳಿಂದಲೇ ಚಂದ್ರನನ್ನ ತಂದಿದ್ದರು.

ಸರಿ, ಇದು ತೆಲುಗಿನವರ ಹೆಮ್ಮೆ, ನಮಗೇನು ಅಂತ ಕೇಳಬಹುದು. ನೋಡಿ, ಇಲ್ಲೇ ನಮ್ಮ ಚರಿತ್ರೆ ಇರೋದು. ಅದೇ ವಡಪಳನಿಯ ಎ.ವಿ.ಎಂ. ಜೊತೆ ಸೇರಿ ಬಂದ ಕನ್ನಡ ಚಿತ್ರ ‘ಬೇಡರ ಕಣ್ಣಪ್ಪ’, 1954. ರಾಜ್‌ಕುಮಾರ್ ನಾಯಕರಾದ ಮೊದಲ ಸಿನಿಮಾ. ಇಸವಿ ಇನ್ನೊಂದು ಸಲ ನೋಡಿ. ಕರ್ನಾಟಕ ಏಕೀಕರಣ ಆಗಿದ್ದು 1956ರ ನವೆಂಬರ್ 1ಕ್ಕೆ. ಅಂದ್ರೆ ಆ ಚಿತ್ರ ಬಂದಾಗ ಹುಬ್ಬಳ್ಳಿ ಮುಂಬಯಿ ರಾಜ್ಯದಲ್ಲಿತ್ತು, ಕಲಬುರಗಿ ಹೈದರಾಬಾದ್ ರಾಜ್ಯದಲ್ಲಿತ್ತು, ಮಂಗಳೂರು ಮದ್ರಾಸ್ ರಾಜ್ಯದಲ್ಲಿತ್ತು. ನಕಾಶೆಯಲ್ಲಿ ಒಂದಾಗದ ಕನ್ನಡಿಗರಿಗೆ ಒಬ್ಬನೇ ಕಣ್ಣಪ್ಪ ಸಿಕ್ಕಿದ್ದು ಮದ್ರಾಸಿನ ಸ್ಟುಡಿಯೊದಿಂದ.

1965ರಲ್ಲಿ ಕೆ.ವಿ. ರೆಡ್ಡಿ ನಿರ್ಮಾಣ, ಹುಣಸೂರು ಕೃಷ್ಣಮೂರ್ತಿ ನಿರ್ದೇಶನದಲ್ಲಿ ‘ಸತ್ಯ ಹರಿಶ್ಚಂದ್ರ’ ಬಂತು. ಅದೇ ವರ್ಷ ತೆಲುಗಿನಲ್ಲಿ ಎನ್.ಟಿ. ರಾಮರಾವ್ ಹರಿಶ್ಚಂದ್ರ ಆದ್ರು. ಭಾಷೆಯ ಹೆಸರಲ್ಲಿ ರಾಜ್ಯಗಳು ಬೇರೆಯಾದ ಮೇಲೂ ಬಡಗಿ, ಪೇಂಟರ್, ಲೈಟ್‌ಬಾಯ್‌ಗಳಿಗೆ ಗಡಿ ಇರಲಿಲ್ಲ. ಇನ್ನೊಂದು ನೆನಪು: ‘ಚಂದಮಾಮ’. ಬೇತಾಳ ಮರ ಏರೋ ಆ ಪುಸ್ತಕ ನಮ್ಮ ಮನೆಗಳಿಗೆ ಬರ್ತಿದ್ದದ್ದೂ ಇದೇ ನಾಗಿ ರೆಡ್ಡಿ, ಚಕ್ರಪಾಣಿ ಅವರ ವಡಪಳನಿಯಿಂದ. ಎಷ್ಟೋ ಕನ್ನಡ ಮಕ್ಕಳು ಮದ್ರಾಸ್ ನೋಡೋಕೆ ಮೊದಲೇ ಆ ವಿಳಾಸ ಓದಿದ್ದರು.

ಹಾಗಾದ್ರೆ ಯಾಕೆ ಎಲ್ಲ ಹೋಯ್ತು? ಯಾರೂ ಓಡಿಸಲಿಲ್ಲ. ಬೆಂಗಳೂರಲ್ಲಿ 1966ರಲ್ಲಿ ಕಂಠೀರವ ಸ್ಟುಡಿಯೊ ಆಯ್ತು. ರಾಜ್ಯದೊಳಗೇ ತಯಾರಾದ ಚಿತ್ರಕ್ಕೆ ಸರ್ಕಾರ ಸಹಾಯಧನ ಕೊಡೋಕೆ ಶುರುಮಾಡಿತು. 1970ರ ‘ಸಂಸ್ಕಾರ’ದಂಥ ಚಿತ್ರಗಳು ನಿಜವಾದ ಊರಿಗೇ ಕ್ಯಾಮೆರಾ ಒಯ್ದವು. ಊರೇ ಸೆಟ್ ಆದ ಮೇಲೆ ಊರು ಕಟ್ಟೋ ಕೈಗಳಿಗೆ ಕೆಲಸ ಕಡಿಮೆ ಆಯ್ತು, ಫ್ಲೋರುಗಳು ಖಾಲಿ ಬಿದ್ದವು, ಜಾಗದ ಬೆಲೆ ಏರಿತು. ಕನ್ನಡ ಚಿತ್ರರಂಗ ಮನೆಗೆ ಬಂದದ್ದು ಒಳ್ಳೇದೇ. ಆದರೆ ಹಿಂದಿನ ಮನೆಯ ಲೆಕ್ಕಪತ್ರವನ್ನ ನಾವು ಜೊತೆಗೆ ತರಲಿಲ್ಲ. ನಟರ ಹೆಸರು ಉಳೀತು. ಆ ಅರಮನೆಗಳಿಗೆ ಮೊಳೆ ಹೊಡೆದವರ ಹೆಸರು ಎಷ್ಟು ಜನರದ್ದು ಉಳಿದಿದೆ?

ಮಾಯಾಬಜಾರ್ ಕೊನೆಗೆ ಒಂದು ಪೀಠ ಬರುತ್ತೆ. ಅದರ ಮೇಲೆ ನಿಂತವರ ಬಾಯಲ್ಲಿ ನಿಜ ತಾನಾಗೇ ಬರುತ್ತೆ, ಶಕುನಿಯೂ ತಪ್ಪಿಸಿಕೊಳ್ಳೋಕಾಗಲ್ಲ. ಅಂಥ ಪೀಠ ನಮಗೆ ಸಿಗಲ್ಲ. ನಮಗಿರೋದು ಹಿರಿಯರ ನೆನಪು ಮಾತ್ರ. ವಡಪಳನಿ, ಸಾಲಿಗ್ರಾಮಂ, ಕೋಡಂಬಾಕ್ಕಂ ಕಡೆ ಮೇಕಪ್, ಸೆಟ್, ಎಡಿಟಿಂಗ್‌ನಲ್ಲಿ ದುಡಿದ ಕನ್ನಡದವರು ನಿಮ್ಮ ಅಪಾರ್ಟ್‌ಮೆಂಟಲ್ಲೋ, ಸಂಘದಲ್ಲೋ ಇದ್ರೆ ಒಂದು ಭಾನುವಾರ ಹೋಗಿ ಮಾತಾಡಿಸಿ. ಅವರು ಒಪ್ಪಿದ್ರೆ ಫೋನಲ್ಲಿ ರೆಕಾರ್ಡ್ ಮಾಡಿಕೊಳ್ಳಿ. ಸೆಟ್ ಅನ್ನೋದು ಶೂಟಿಂಗ್ ಮುಗಿದ ದಿನವೇ ಬಿಚ್ಚಿ ಹೋಗುತ್ತೆ. ಅದನ್ನ ಕಟ್ಟಿದವರ ಮಾತೂ ಹಾಗೇ ಹೋಗೋದು ಬೇಡ.